ಮೈದಾನದ ಮೇಲಿನ ದಾರಿ

ಗೋಡೆಗೊರಗಿಸಿ ಕೂರಿಸಿದ್ದ ಅಪ್ಪನ ಹಣೆಗೆ ಸುಜಾತಾ ವಿಭೂತಿ ಹಚ್ಚುತ್ತಿದ್ದಳು. ಕೈ ಇನ್ನೂ ಹಣೆಯ ಮೇಲಿರುವಾಗಲೇ ಹೊರಗೆ ಯರ್ರೆಪ್ಪನ ಮಾತು ಕೇಳಿಸಿತು.

"ನೀವು ಹ್ಯಾಂಗರ ಒಯ್ರಿ, ಯಾರು ಬ್ಯಾಡಂತಾರ. ಮೈದಾನದ ಮ್ಯಾಲೆ ಮಾತ್ರ ಬರಬ್ಯಾಡ್ರಿ."

ಅವಳು ಕೈಯನ್ನು ಸೆರಗಿಗೆ ಒರೆಸಿಕೊಂಡು ಹೊರಗೆ ಬಂದಳು. ಅಂಗಳದಲ್ಲಿ ಶವ ಕೂರಿಸಿ ಹೊರುವ ವಿಮಾನಕ್ಕೆ ಬಾಳೆಕಂಬ ಕಟ್ಟುತ್ತಿದ್ದವರು ಕೈ ನಿಲ್ಲಿಸಿ ಆಚೆ ಈಚೆ ನೋಡುತ್ತಿದ್ದರು. ಯರ್ರೆಪ್ಪ ಹೂವಿನ ಹಾರ ಹಿಡಿದು ಕಟ್ಟೆಯ ಹತ್ತಿರ ನಿಂತಿದ್ದ. ಕೊಟ್ಟೂರಿನ ಕಬಡ್ಡಿ ಸಂಘಕ್ಕೆ ಅವನೇ ಅಧ್ಯಕ್ಷ. ಕೆಟ್ಟ ಮನುಷ್ಯನೇನಲ್ಲ, ಆದರೆ ಒಮ್ಮೆ ಆಗದು ಅಂದರೆ ಮುಗಿಯಿತು.

"ಕಾಕಾ, ಅಪ್ಪ ಸಾಯೋ ಮುಂದ ಅದೊಂದ ಕೇಳ್ಯಾನ," ಎಂದಳು ಸುಜಾತಾ.

"ಕೇಳಿರಬೋದವ್ವ. ನಾನೂ ಅವನ ಗಿರಣಿ ಹಿಟ್ಟು ಉಂಡು ಬೆಳದಾಂವ. ಆದ್ರ ಹುಡುಗ್ರು ಒಪ್ಪಂಗಿಲ್ಲ."

"ಗೆರಿಗೆ ಸುಣ್ಣ ಹಾಕಾ ಹುಲುಗಣ್ಣ ಸತ್ತಾಗ ಅವನ್ನ ಮೈದಾನದ ಮ್ಯಾಲೇ ಒಯ್ದ್ರಿ. ಅವ ಒಂದಿನಾನೂ ಆಡಿದ್ದಿಲ್ಲ. ನಮ್ಮಪ್ಪ ತಲಿ ಬೆಳ್ಳಗಾಗೋ ತನಕ ನಿಮಗ ಸೀಟಿ ಊದ್ಯಾನ."

"ಹುಲುಗಣ್ಣ ಹುಡುಗ್ರ ಶೀಲ್ಡ್ ತಿಂದಿದ್ದಿಲ್ಲ," ಎಂದ ಯರ್ರೆಪ್ಪ.

ಆ ಸಂಘದಲ್ಲಿ ಅದೊಂದು ಪದ್ಧತಿ. ಸಂಘಕ್ಕೆ ಸೇರಿದವರು ಯಾರೇ ತೀರಿಕೊಂಡರೂ ವಿಮಾನವನ್ನು ಮೈದಾನಕ್ಕೆ ತಂದು, ಅಂಕಣದ ನಡುಗೆರೆಯ ಮೇಲೆ ಸ್ವಲ್ಪ ಹೊತ್ತು ಇಳಿಸುತ್ತಾರೆ. ಅಲ್ಲಿಂದ ಸಂಘದ ನೀಲಿ ಬನಿಯನ್ ಹಾಕಿಕೊಂಡ ಏಳು ಜನ ಹೊತ್ತುಕೊಂಡು ರುದ್ರಭೂಮಿಗೆ ಹೋಗುತ್ತಾರೆ. ಯಾರು ಶುರು ಮಾಡಿದರೋ ಗೊತ್ತಿಲ್ಲ. ಮನೆಯವರಿಗೆ ಅದೊಂದು ಮರ್ಯಾದೆ. ಬದುಕಿದ್ದಾಗ ಕಾಸಿನ ಕಿಮ್ಮತ್ತಿಲ್ಲದವನಿಗೂ ಅವತ್ತು ಅಂಗಡಿಯವರು ಎದ್ದು ನಿಲ್ಲುತ್ತಿದ್ದರು.

ಒಳಗಿನಿಂದ ಗಂಗಾಂಬಿಕಾ ಬಾಗಿಲಿಗೆ ಬಂದು ನಿಂತಳು. ತಿಂಗಳುಗಟ್ಟಲೆ ಗಂಡನ ಕೆಮ್ಮಿನ ಮಗ್ಗುಲಲ್ಲಿ ಎಚ್ಚರವಿದ್ದವಳಿಗೆ ಈಗ ಅಳುವುದಕ್ಕೂ ತ್ರಾಣವಿರಲಿಲ್ಲ. "ಸುಜೀ, ಬಿಡು," ಎಂದಳು. "ಬಜಾರದ ದಾರೀಲೆ ಹೋಗಾನಂತ. ಹೊತ್ತು ಮೀರತೈತಿ."

"ನಾ ಬಿಡಂಗಿಲ್ಲವ್ವ," ಎಂದಳು ಸುಜಾತಾ. ಮತ್ತೆ ಯರ್ರೆಪ್ಪನ ಕಡೆ ತಿರುಗಿದಳು. "ಗಾದಿಲಿಂಗನ್ನ ಕರಸ್ತೀನಿ ಕಾಕಾ. ಅವತ್ತಿನ ಆಟದಾಗ ಅವನ ದಮ್ಮು ಕಡದಿತ್ತೋ ಇಲ್ಲೋ, ಅವನೊಬ್ಬಗ ಗೊತ್ತು. ಅವನ ಬಾಯಿಂದನ ಕೇಳಿಬಿಡಾನ."

ಯರ್ರೆಪ್ಪ ಹಾರವನ್ನು ಈ ಕೈಯಿಂದ ಆ ಕೈಗೆ ಬದಲಾಯಿಸಿದ. "ಕೇಳವ್ವ. ಕಡದಿತ್ತು ಅಂತ ಅವ ಅಂದ್ರ, ಮೊದಲನೇ ಹೆಗಲು ನಂದು. ಇಲ್ಲಂದ್ರ ನೀನೂ ಹಟ ಬಿಡಬೇಕು."

*

ಐದೂರ ಲೀಗ್ ಅಂದರೆ ಭಾರೀ ಏನೋ ಅಂದುಕೊಳ್ಳಬೇಕಾಗಿಲ್ಲ. ಕೂಡ್ಲಿಗಿ, ಕೊಟ್ಟೂರು, ಹಗರಿಬೊಮ್ಮನಹಳ್ಳಿ, ಹಡಗಲಿ, ಹರಪನಹಳ್ಳಿ, ಈ ಐದೂರಿನ ಮೀಸೆ ಮೂಡದ ಹುಡುಗರು ದೀಪಾವಳಿ ಮುಗಿದ ಮೇಲೆ ಶಿವರಾತ್ರಿಯ ತನಕ ಭಾನುವಾರ ಭಾನುವಾರ ಕಬಡ್ಡಿ ಆಡುತ್ತಿದ್ದರು, ಅಷ್ಟೇ. ಬಸ್ಸಿನಲ್ಲಿ ನಿಂತುಕೊಂಡೇ ಹೋಗಬೇಕು. ಒಗ್ಗರಣೆ ಮಂಡಕ್ಕಿ, ಎರಡು ಮಿರ್ಚಿ, ಅದೇ ಊಟ. ಮೊಣಕಾಲು ಕಿತ್ತುಕೊಂಡು, ಬಾಯಲ್ಲಿ ಮಣ್ಣು ತುಂಬಿಕೊಂಡು ಸಂಜೆ ವಾಪಸ್ಸು ಬರಬೇಕು. ಆದರೂ ಆ ಮೂರು ನಾಲ್ಕು ತಿಂಗಳು ಐದೂ ಊರಿನ ಚಹಾದಂಗಡಿಗಳಲ್ಲಿ ಬೇರೆ ಮಾತಿರುತ್ತಿರಲಿಲ್ಲ.

ಸುಜಾತಾಳ ಅಪ್ಪ, ಗಿರಣಿ ಪಾಲಾಕ್ಷಪ್ಪ, ಆ ಲೀಗಿನ ಅಂಪೈರುಗಳಲ್ಲಿ ಒಬ್ಬ. ಭಾನುವಾರ ಗಿರಣಿಗೆ ಜೋಳ ತರುವವರೇ ಹೆಚ್ಚು, ಆದರೆ ಇವನು ಬಾಗಿಲು ಹಾಕಿ ಕೊರಳಿಗೆ ಸೀಟಿ ನೇತುಹಾಕಿಕೊಂಡು ಬಸ್‌ಸ್ಟ್ಯಾಂಡಿಗೆ ನಡೆದುಬಿಡುತ್ತಿದ್ದ. ಗಂಗಾಂಬಿಕಾ ಬೈದು ಬೈದು ಬೇಸತ್ತಿದ್ದಳು. ಲೀಗ್ ಮುಗಿದಾಗ ಒಂದು ಟವಲ್ಲು, ಒಂದು ತೆಂಗಿನಕಾಯಿ ಕೊಡುತ್ತಿದ್ದರು. ಅದನ್ನೇ ಅವನು ದೊಡ್ಡ ಸಂಪಾದನೆಯಂತೆ ತಂದು ದೇವರ ಮುಂದೆ ಇಡುತ್ತಿದ್ದ.

ಗಿರಣಿಯ ಸದ್ದು ಅವನ ಕಿವಿ ತಿಂದಿತ್ತು. ಗಿರಣಿಯೊಳಗೆ ಎಲ್ಲರೂ ಕೂಗಿಯೇ ಮಾತಾಡುವುದರಿಂದ ಊರಿಗೆ ಅದು ಗೊತ್ತಾಗಲಿಲ್ಲ. ಮನೆಯಲ್ಲಿ ಹೆಂಡತಿ, ಮಗಳು ಎದುರಿಗೆ ಬಂದು, ಮುಖ ನೋಡಿ ಮಾತಾಡುತ್ತಿದ್ದರು. ಕಬಡ್ಡಿಯಲ್ಲಿ ಎದುರು ಪಾಳೆಯಕ್ಕೆ ಹೋದವನು ಒಂದೇ ಉಸಿರಿನಲ್ಲಿ 'ಕಬಡ್ಡಿ ಕಬಡ್ಡಿ' ಅನ್ನುತ್ತಲೇ ಇರಬೇಕು, ದಮ್ಮು ಕಡಿದರೆ ಔಟು. ಅದನ್ನು ಕೇಳಿಸಿಕೊಳ್ಳುವುದು ಅಂಪೈರನ ಕೆಲಸ. ಪಾಲಾಕ್ಷಪ್ಪ ಕೇಳಿಸಿಕೊಳ್ಳುತ್ತಿರಲಿಲ್ಲ, ನೋಡುತ್ತಿದ್ದ. ಹುಡುಗನ ಗಂಟಲಿನ ಮೇಲೆ ಕಣ್ಣು ನೆಟ್ಟರೆ ತಪ್ಪುತ್ತಿರಲಿಲ್ಲ.

ತೊಂಬತ್ತಾರನೇ ಇಸವಿಯ ಆ ಸೀಜನ್ನಿನಲ್ಲಿ ಕೊಟ್ಟೂರಿನ ಹುಡುಗರನ್ನು ಹಿಡಿಯುವವರೇ ಇರಲಿಲ್ಲ. ಗಾದಿಲಿಂಗ ಅಂತ ಒಬ್ಬ, ಪಿಯುಸಿ ಓದುವ ಹುಡುಗ, ಕೈಗೆ ಸಿಕ್ಕರೂ ಸೋಪಿನ ಹಾಗೆ ಜಾರಿಬಿಡುತ್ತಿದ್ದ. ಕೊನೆಯ ಆಟ ಹರಪನಹಳ್ಳಿಯವರ ಮೇಲೆ, ಹಗರಿಬೊಮ್ಮನಹಳ್ಳಿಯ ಮೈದಾನದಲ್ಲಿ. ಹಡಗಲಿಯಿಂದ ಬರಬೇಕಿದ್ದ ಅಂಪೈರ್ ಬರಲಿಲ್ಲ. ಪಾಲಾಕ್ಷಪ್ಪನೇ ನಿಲ್ಲಲಿ, ಕೊಟ್ಟೂರಿನವನಾದರೂ ನ್ಯಾಯಸ್ಥ ಅಂತ ಹರಪನಹಳ್ಳಿಯವರೇ ಅಂದರು. ಆ ಮಾತಿಗೆ ಅವನು ಉಬ್ಬಿಹೋದ. ಆಗದು ಅನ್ನಬೇಕಿತ್ತು, ಅನ್ನಲಿಲ್ಲ.

ಇಬ್ಬರದೂ ಪಾಯಿಂಟು ಸರಿಸಮ. ಕಡೆಯ ರೈಡ್ ಗಾದಿಲಿಂಗನದು. ಒಬ್ಬನನ್ನು ಮುಟ್ಟಿ ತಿರುಗಿದ. ಅಷ್ಟರಲ್ಲಿ ನಾಲ್ಕು ಜನ ಮೈಮೇಲೆ ಬಿದ್ದರು. ಅವನು ಆ ಭಾರವನ್ನೆಲ್ಲ ಎಳೆದುಕೊಂಡು, ಮುಖ ಮಣ್ಣಿಗೆ ಹತ್ತಿ, ಕೈ ಚಾಚಿ ನಡುಗೆರೆ ಮುಟ್ಟಿದ. ಅವನ ಗಂಟಲು ಯಾರಿಗೂ ಕಾಣಲಿಲ್ಲ. ಪಾಲಾಕ್ಷಪ್ಪ ಬಗ್ಗಿದ, ಮಂಡಿಯೂರಿದ, ಕಿವಿ ನೆಲದ ಹತ್ತಿರಕ್ಕೆ ಒಯ್ದ. ಆಮೇಲೆ ಸೀಟಿ ಊದಿ ಕೈ ಹರಪನಹಳ್ಳಿಯ ಕಡೆ ತೋರಿಸಿದ.

"ದಮ್ಮು ಕಡದೈತಿ."

ಶೀಲ್ಡ್ ಹರಪನಹಳ್ಳಿಗೆ ಹೋಯಿತು. ಗಾದಿಲಿಂಗನನ್ನು ನೋಡಲು ಬಂದಿದ್ದ ಜಿಲ್ಲಾ ತಂಡದವರು ಹರಪನಹಳ್ಳಿಯ ಹುಡುಗನನ್ನು ಆರಿಸಿಕೊಂಡು ಹೋದರು. ವಾಪಸ್ಸು ಬರುವಾಗ ಬಸ್ಸಿನಲ್ಲಿ ಪಾಲಾಕ್ಷಪ್ಪನ ಪಕ್ಕದ ಸೀಟಿನಲ್ಲಿ ಯಾರೂ ಕೂರಲಿಲ್ಲ.

ಆಮೇಲೆ ಊರು ಅವನಿಗೆ ಹೊಡೆಯಲಿಲ್ಲ, ಬೈಯಲಿಲ್ಲ. ಹೆಂಗಸರು ಜೋಳದ ಡಬ್ಬಿ ಹೊತ್ತುಕೊಂಡು ಅವನ ಬಾಗಿಲ ಮುಂದೆಯೇ ಹಾದು ಆಚೆ ಓಣಿಯ ಗಿರಣಿಗೆ ಹೋದರು. ಲೀಗಿನವರು ಮತ್ತೆ ಕರೆಯಲಿಲ್ಲ. ಆ ವರ್ಷ ಹಿರೇಹಡಗಲಿಯ ಗಂಡನ ಮನೆಯಿಂದ ಬಂದಿದ್ದ ಸುಜಾತಾ ಅಪ್ಪನ ಎದುರಿಗೆ ಕೂತು ಕೇಳಿದ್ದಳು.

"ಖರೇ ಹೇಳಪ್ಪ. ನಿನಗ ಕೇಳಿಸ್ತಾ?"

"ಏನೂ ಕೇಳಸಲಿಲ್ಲವ್ವ," ಎಂದಿದ್ದ ಅವನು. "ಕೇಳಸದಿದ್ರ ಕಡದಂಗ ಅಲ್ಲೇನು?"

ಊರ ಮುಂದೆ ಕಿವಿಯ ಸುದ್ದಿ ಎತ್ತಿದರೆ ಅವನು ಇಷ್ಟು ವರ್ಷ ಊದಿದ ಸೀಟಿಯೆಲ್ಲ ಸುಳ್ಳಾಗುತ್ತದೆ. ಅಪ್ಪನೂ ಎತ್ತಲಿಲ್ಲ, ಮಗಳೂ ಎತ್ತಲಿಲ್ಲ. ಹಿಟ್ಟಿನ ಧೂಳು ಎದೆಗಿಳಿದು ಅವನು ಹಾಸಿಗೆ ಹಿಡಿಯುವಷ್ಟರಲ್ಲಿ ಎರಡು ಸಾವಿರದ ಇಸವಿಯೂ ದಾಟಿತ್ತು.

*

ಗಾದಿಲಿಂಗ ತನ್ನ ಲಗೇಜ್ ಆಟೊವನ್ನು ಓಣಿಯ ತುದಿಗೆ ನಿಲ್ಲಿಸಿ ನಡೆದುಬಂದ. ಮೈ ದಪ್ಪಗಾಗಿತ್ತು. ಕಟ್ಟೆಯ ಮೇಲಿದ್ದವರು ಜಾಗ ಮಾಡಿ ಕೊಟ್ಟರು. "ಬಾರಪ, ಕುಂದ್ರು," ಎಂದ ಯರ್ರೆಪ್ಪ, ಸ್ವಂತ ಮಗನನ್ನು ಕರೆದಂತೆ. ಊರಿನಲ್ಲಿ ಅವನಿಗೆ ಎಲ್ಲೆಲ್ಲೂ ಹೀಗೆಯೇ. ಚಹಾ ಕುಡಿದರೆ ಯಾರೋ ಒಬ್ಬರು ದುಡ್ಡು ಕೊಟ್ಟಿರುತ್ತಿದ್ದರು. ಪರವೂರಿನವರು ಬಂದರೆ, ಇವನ ನೋಡ್ರಿ, ಪಾಲಾಕ್ಷಪ್ಪ ಕೆಡಿಸಿದ ಹುಡುಗ, ಇಲ್ಲಾಂದ್ರ ಎಲ್ಲಿಗೋ ಹೋಗಿರತಿದ್ದ ಅಂತ ತೋರಿಸುತ್ತಿದ್ದರು.

ಸುಜಾತಾ ಅವನನ್ನು ಮನೆಗೆ ಹತ್ತಿಕೊಂಡಿದ್ದ ಗಿರಣಿಯೊಳಕ್ಕೆ ಕರೆದಳು. ಬೆಲ್ಟು ಬಿಚ್ಚಿಟ್ಟ ಯಂತ್ರದ ಮೇಲೆ ಗೋಣಿಚೀಲ ಹೊದಿಸಿತ್ತು.

"ನಿನಗ ಸುಳ್ಳು ಹೇಳು ಅನ್ನಂಗಿಲ್ಲ ಗಾದಿ. ನನಗ ಖರೇ ಬೇಕು. ಅವತ್ತು ನಿನ್ನ ದಮ್ಮು ಕಡದಿತ್ತಾ?"

ಅವನು ಗೋಣಿಚೀಲದ ಅಂಚು ಹಿಡಿದುಕೊಂಡು ನಿಂತ. "ಈಗ್ಯಾಕಕ್ಕ ಅದು?"

"ಹೇಳು. ಅಪ್ಪ ಒಳಗ ಕುಂತಾನ. ಮಣ್ಣಿಗೆ ಹೋಗೋಕಿಂತ ಮುಂಚೆ ನನಗ ಗೊತ್ತಾಗಬೇಕು."

"ಕಡದಿದ್ದಿಲ್ಲಕ್ಕ," ಎಂದ. ಬಹಳ ಸಣ್ಣ ದನಿಯಲ್ಲಿ ಎಂದ. "ಬಾಯಾಗ ಮಣ್ಣು ಹೊಕ್ಕಿತ್ತು. ಅದ್ರಾಗೂ ಅಂತಾನ ಇದ್ದೆ. ಗೆರಿ ಮುಟ್ಟೋ ತನಕ ಅಂದೀನಿ."

ಸುಜಾತಾ ಯಂತ್ರಕ್ಕೆ ಒರಗಿದಳು. ಇಷ್ಟು ವರ್ಷ ಅಪ್ಪನ ಮಾತು ನಿಜವಿದ್ದರೂ ಇರಬಹುದು ಎಂದು ಎಲ್ಲೋ ಒಂದು ಕಡೆ ಹಿಡಿದುಕೊಂಡಿದ್ದಳು. ಈಗ ಅದೂ ಹೋಯಿತು. ಅವಳಿಗೆ ಸಿಟ್ಟು ಬರಲಿಲ್ಲ.

"ಅವಗ ಕಿವಿ ಕೇಳತಿದ್ದಿಲ್ಲ," ಎಂದಳು. "ಯಾರಿಗೂ ಹೇಳಿಲ್ಲ, ನಿನಗ ಹೇಳಾಕತ್ತೀನಿ. ನಿನ್ನ ಮ್ಯಾಗಿನ ಹಗೀಗೆ ಊದಲಿಲ್ಲ ಅವ. ಅಷ್ಟು ತಿಳಕೊ ಸಾಕು."

ಗಾದಿಲಿಂಗ ಹಿಡಿದಿದ್ದ ಗೋಣಿಚೀಲದ ಅಂಚು ಬಿಟ್ಟ.

"ಆತು ಬಿಡು," ಎಂದು ಅವಳು ಕಣ್ಣೊರೆಸಿಕೊಂಡಳು. "ಬಜಾರದ ದಾರೀಲೆ ಒಯ್ರಿ ಅಂತೀನಿ. ನೀ ಬಂದಿದ್ದ ದೊಡ್ಡದು."

ಅವಳು ಬಾಗಿಲು ದಾಟುವ ಮೊದಲೇ ಅವನು ಅವಳನ್ನು ಸರಿಸಿ ಹೊರಗೆ ಹೋದ.

ಯರ್ರೆಪ್ಪ ಎದ್ದ. "ಏನಂದೆಪ?"

"ಕಡದಿತ್ತು ಕಾಕಾ," ಎಂದ ಗಾದಿಲಿಂಗ. ಎಲ್ಲರಿಗೂ ಕೇಳುವಂತೆ ಎಂದ. "ನನ್ನ ದಮ್ಮು ಕಡದಿತ್ತು. ಪಾಲಾಕ್ಷಪ್ಪ ಕಾಕಾ ಊದಿದ್ದು ಸರಿ ಇತ್ತು."

ಕಟ್ಟೆಯ ಮೇಲಿನ ಮುದುಕರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಯರ್ರೆಪ್ಪ ಎರಡು ಹೆಜ್ಜೆ ಮುಂದೆ ಬಂದ.

"ಮತ್ತ ಇಷ್ಟು ವರ್ಷ?"

"ಹೇಳಲಿಲ್ಲ."

"ಹೇಳಲಿಲ್ಲ ಅಂದ್ರ? ಆ ಮನುಷ್ಯಾನ ಗಿರಣಿ ಮುಚ್ಚಿತು. ಎದುರಿಗೆ ಬಂದ್ರ ನಾವು ಮಾರಿ ತಿರುವಿ ಹೋದ್ವಿ. ನೀ ನೋಡ್ಕೊಂತ ಚಾ ಕುಡದ್ಯಾ?"

ಗಾದಿಲಿಂಗ ತಲೆ ತಗ್ಗಿಸಿದ. ಅವರ ಕನಿಕರ ತಿಂದು ತಿಂದು ಅವನಿಗೂ ಸಾಕಾಗಿತ್ತು. ಅದು ಮುಗಿಯಲಿ ಅನ್ನಿಸಿತ್ತು. ಆದರೆ ಇಷ್ಟು ಬೇಗ ಇಷ್ಟೊಂದು ಮುಖಗಳು ಬದಲಾಗುತ್ತವೆಂದು ಅವನು ಎಣಿಸಿರಲಿಲ್ಲ.

"ಎಂಥಾ ಹೊಟ್ಟಿ ನಿಂದು," ಎಂದಳು ನೆರೆಮನೆಯ ಮರುಳಸಿದ್ದಮ್ಮ. ಆಚೆ ಓಣಿಯ ಗಿರಣಿಗೆ ಮೊದಲು ಡಬ್ಬಿ ಹೊತ್ತವಳು ಅವಳೇ. ಈಗ ಸೆರಗಿನಲ್ಲಿ ಮೂಗು ಹಿಂಡುತ್ತ ಗಂಗಾಂಬಿಕೆಯ ಕೊರಳಿಗೆ ಬಿದ್ದು ಅತ್ತಳು. ಯಾರೋ ಸಂಘಕ್ಕೆ ಓಡಿ ಬನಿಯನ್ನುಗಳ ಗಂಟು ತಂದರು. ಯರ್ರೆಪ್ಪ ಒಳಗೆ ಹೋಗಿ ಹಾರ ಹಾಕಿದವನು ಬಹಳ ಹೊತ್ತು ಏಳಲೇ ಇಲ್ಲ, ಸತ್ತವನ ಮೊಣಕಾಲು ಹಿಡಿದುಕೊಂಡು ಕೂತುಬಿಟ್ಟ.

ವಿಮಾನ ಏಳುವಾಗ ಗಾದಿಲಿಂಗನೂ ಒಂದು ಬೊಂಬಿಗೆ ಕೈ ಹಾಕಿದ. ಯರ್ರೆಪ್ಪ ಆ ಕೈಯನ್ನು ತೆಗೆದು ಬದಿಗಿಟ್ಟ.

"ನೀ ಬ್ಯಾಡ."

*

ಬಿಸಿಲು ಇಳಿಯುವ ಹೊತ್ತಿಗೆ ಮೈದಾನ ಸೇರಿದರು. ಅಂಗಡಿಗಳ ಮುಂದೆ ಜನ ಎದ್ದು ನಿಂತಿದ್ದರು. ಅಂಕಣದ ಮಣ್ಣಿಗೆ ನೀರು ಹೊಡೆದು, ಗೆರೆಗಳಿಗೆ ಹೊಸದಾಗಿ ಸುಣ್ಣ ಹಾಕಿತ್ತು. ವಿಮಾನವನ್ನು ನಡುಗೆರೆಯ ಮೇಲೆ ಇಳಿಸಿದರು. ಹೂವಿನ ನಡುವೆ ಕೂತಿದ್ದ ಪಾಲಾಕ್ಷಪ್ಪನ ತಲೆ ನಡೆದ ರಭಸಕ್ಕೆ ಒಂದಿಷ್ಟು ವಾಲಿತ್ತು. ಯರ್ರೆಪ್ಪ ಅದನ್ನು ಮೆತ್ತಗೆ ಸರಿಮಾಡಿದ. ಪೂಜೆಗೆ ಬಂದಿದ್ದ ಅಯ್ಯನವರು ಗಂಟೆ ಬಾರಿಸಿದರು.

"ನಮ್ಮಿಂದ ತಪ್ಪಾತಪಾ ಪಾಲಾಕ್ಷಿ," ಎಂದು ಯರ್ರೆಪ್ಪ ಗಟ್ಟಿಯಾಗಿಯೇ ಅತ್ತ. ಬನಿಯನ್ ಹಾಕಿದ ಹುಡುಗರೂ ಅತ್ತರು. ಗಂಗಾಂಬಿಕಾ ಆ ಅಳುವ ಜನರನ್ನೆಲ್ಲ ಒಂದು ಸಲ ನೋಡಿ, ಬಹಳ ದಿನದ ಮೇಲೆ ನಿರಾಳವಾಗಿ ಉಸಿರು ಬಿಟ್ಟಳು. "ನೋಡ್ದ್ಯಾ ಸುಜೀ, ನಿಮ್ಮಪ್ಪ ಹೇಳಿದ್ದ ಖರೇ ಆತು," ಎಂದು ಮಗಳ ಕೈ ಅದುಮಿದಳು.

ಸುಜಾತಾ ಹಿಂದೆ ತಿರುಗಿದಳು. ಗಾದಿಲಿಂಗ ಜನರಿಂದ ದೂರ ಉಳಿದು ನಡೆದುಬಂದಿದ್ದ. ಅಂಕಣದ ತುದಿಗೆ ಬಂದು ಚಪ್ಪಲಿ ಬಿಟ್ಟು, ಒಂದು ಕಾಲು ಒಳಗಿಟ್ಟ.

"ಲೇ, ಗೆರಿ ಆಚಿಗೆ ನಿಂದ್ರು," ಎಂದ ಬನಿಯನ್ ಹಾಕಿದ ಹುಡುಗನೊಬ್ಬ. ಮೊನ್ನೆ ಮೊನ್ನೆಯವರೆಗೆ ಅಣ್ಣಾ ಅಂತ ಅವನ ಹಿಂದೆ ತಿರುಗುತ್ತಿದ್ದ ಹುಡುಗ.

ಸುಜಾತಾ ಹೇಳಬೇಕಾದದ್ದು ಒಂದೇ ಮಾತು. ನಿಜ ಹೇಳಿಬಿಟ್ಟರೆ ಅವನು ಒಳಗೆ ಬರುತ್ತಾನೆ, ಅಪ್ಪ ಹೊರಗೆ ಹೋಗುತ್ತಾನೆ. ಅವಳ ತುಟಿ ಅಲುಗಿದ್ದನ್ನು ಕಂಡು ಗಾದಿಲಿಂಗ ಬೇಡ ಎಂಬಂತೆ ಕತ್ತು ಆಡಿಸಿದ. ಅವ್ವನ ಕೈ ಇನ್ನೂ ಅವಳ ಕೈಯಲ್ಲೇ ಇತ್ತು. ಅವಳು ಸೆರಗನ್ನು ಬಾಯಿಗೆ ತುರುಕಿಕೊಂಡು ಮುಖ ತಿರುಗಿಸಿದಳು.

ಏಳು ಜನ ವಿಮಾನ ಎತ್ತಿದರು. ಹರಹರ ಎನ್ನುತ್ತ ಜನವೆಲ್ಲ ರುದ್ರಭೂಮಿಯ ಕಡೆ ಸಾಗಿತು. ಗಾದಿಲಿಂಗ ಒಳಗಿಟ್ಟಿದ್ದ ಕಾಲನ್ನು ಹಿಂದಕ್ಕೆ ತೆಗೆದುಕೊಂಡ. ಅಂಕಣವನ್ನು ಸುತ್ತಿಕೊಂಡು ಹಿಂಬದಿಗೆ ಹೋಗಿ, ಔಟಾದವರು ಸಾಲಾಗಿ ಕೂರುವ ಜಾಗದಲ್ಲಿ ಒಬ್ಬನೇ ಕುಕ್ಕರುಗಾಲಿನಲ್ಲಿ ಕೂತ.