ಹನ್ನೆರಡರಲ್ಲಿ ಒಂದು ಹುದ್ದೆ

ಹೊಲಿಗೆ ತರಬೇತಿ ಕೇಂದ್ರಗಳಿಗೆ ಹನ್ನೆರಡು ಶಿಕ್ಷಕಿಯರನ್ನು ಆರಿಸಿದ ಪಟ್ಟಿಯಲ್ಲಿ ಅವಳದು ಮೂರನೇ ಹೆಸರು. ಪಟ್ಟಿ ಬಂದ ದಿನವೇ ಬೀದಿಯವರು ಅವಳಿಗೆ ಟೀಚರಮ್ಮ ಎಂದು ಹೆಸರಿಟ್ಟರು. ಹದಿನಾಲ್ಕು ತಿಂಗಳಾದರೂ ಕೆಲಸದ ಸುಳಿವಿಲ್ಲ, ಹೆಸರು ಮಾತ್ರ ಗಟ್ಟಿಯಾಗಿ ಅಂಟಿಕೊಂಡಿತ್ತು. "ಏನ್ ಟೀಚರಮ್ಮ, ಇವತ್ತೂ ರಜೆನಾ?" ಎಂದು ಎದುರುಮನೆಯಾಕೆ ಕೇಳಿದಾಗಲೆಲ್ಲ ಅವಳಿಗೆ ಮೈಯೆಲ್ಲ ಉರಿಯುತ್ತಿತ್ತು. ಉರಿಯದೆ ಇನ್ನೇನು? ಈ ಪಟ್ಟಿಯನ್ನು ನಂಬಿ ಗಾರ್ಮೆಂಟ್ ಫ್ಯಾಕ್ಟರಿಯ ಸೂಪರ್‌ವೈಸರ್ ಕೆಲಸ ಬಿಟ್ಟಿದ್ದಳು. ಈಗ ವಯಸ್ಸಿನ ಮಿತಿಯೂ ದಾಟಿತ್ತು, ಮತ್ತೊಮ್ಮೆ ಅರ್ಜಿ ಹಾಕುವಂತಿರಲಿಲ್ಲ. ಇದು ಕೈತಪ್ಪಿದರೆ ಕೈತಪ್ಪಿದಂತೆಯೇ.

ಆಗಿದ್ದಿಷ್ಟು. ಆಯ್ಕೆಯಾಗದ ಒಬ್ಬಾಕೆ, ತನಗೆ ಬೇಕೆಂದೇ ಅಂಕ ಕಡಿಮೆ ಹಾಕಿದ್ದಾರೆಂದು ಕೋರ್ಟಿಗೆ ಹೋಗಿ ಮಧ್ಯಂತರ ಆದೇಶ ತಂದಿದ್ದಳು. ಇಲಾಖೆಯ ಗುಮಾಸ್ತನದೊಂದು ಪದ್ಧತಿ. ಕೋರ್ಟಿನ ಕಾಗದ ಬಂತೋ, ಫೈಲಿನ ಮೇಲೆ ಕೆಂಪು ಶಾಯಿಯಲ್ಲಿ 'ತಡೆಯಾಜ್ಞೆ' ಎಂದು ಬರೆದು, ದಾರ ಬಿಗಿದು, ಬೀರುವಿಗೆ ಸೇರಿಸಿಬಿಡುವುದು. ಆಮೇಲೆ ಮೇಲಿನವರೆಲ್ಲ ಓದುವುದು ಆ ಒಂದು ಪದವನ್ನೇ. ಆದೇಶದ ಜೆರಾಕ್ಸ್ ಕೊಡಿ ಎಂದು ಅವಳು ಮೂರು ಸಲ ಅಂಗಲಾಚಿದ್ದಳು. "ನೀವು ಆ ಕೇಸಲ್ಲೇ ಇಲ್ವಲ್ಲ ಮೇಡಂ, ನಿಮಗೆ ಹೇಗೆ ಕೊಡೋದು?" ಎಂದಿದ್ದ ಗುಮಾಸ್ತ. ನಿಂತುಹೋದ ಬದುಕು ಅವಳದು, ಕೇಸಿನಲ್ಲಿ ಇಲ್ಲದವಳೂ ಅವಳೇ! ಎಂಥ ನ್ಯಾಯವಪ್ಪ ಇದು!

ಕೊನೆಗೂ ಇಲಾಖೆ ಎಚ್ಚೆತ್ತು ಮೇಲ್ಮನವಿ ಹಾಕಿತು. ವಿಚಾರಣೆಯ ದಿನ ಅವಳು ಅಣ್ಣನೊಂದಿಗೆ ಹೋಗಿ ಕೋರ್ಟಿನ ಹಿಂದಿನ ಬೆಂಚಿನಲ್ಲಿ ಕೂತಳು. ಇಲಾಖೆಯ ವಕೀಲರು ಎದ್ದು, ಈ ತಡೆಯಿಂದ ಹನ್ನೆರಡು ಕೇಂದ್ರಗಳಲ್ಲೂ ಪಾಠ ನಿಂತಿದೆಯೆಂದು ಕಣ್ಣೀರೊಂದು ಬಾಕಿ ಎನ್ನುವ ಹಾಗೆ ವಾದಿಸಿದರು. ಹಿರಿಯ ನ್ಯಾಯಾಧೀಶರು ಹಾಳೆ ತಿರುವಿದರು.

"ಎಲ್ಲಾ ಹುದ್ದೆ ನಿಲ್ಲಿಸಿ ಅಂತ ಯಾರ್ರೀ ಹೇಳಿದ್ದು?"

"ಮಧ್ಯಂತರ ಆದೇಶ, ಸ್ವಾಮಿ."

"ಎರಡನೇ ಪುಟ ಓದಿ."

ವಕೀಲರು ಓದಿದರು. ಅರ್ಜಿದಾರಳಿಗಾಗಿ ಒಂದು ಹುದ್ದೆಯನ್ನು ಖಾಲಿ ಇಡತಕ್ಕದ್ದು, ಉಳಿದ ಹನ್ನೊಂದನ್ನು ಪಟ್ಟಿಯ ಕ್ರಮದಲ್ಲೇ ತುಂಬಲು ಅಡ್ಡಿಯಿಲ್ಲ.

"ಇಲ್ಲದ ತಡೆ ತೆಗೀರಿ ಅಂತ ನಮ್ಮ ಹತ್ರ ಬಂದಿದ್ದೀರಲ್ರಿ!" ಎಂದು ನ್ಯಾಯಾಧೀಶರು ಮೇಲ್ಮನವಿಯನ್ನು ವಜಾ ಮಾಡಿದರು.

ಹದಿನಾಲ್ಕು ತಿಂಗಳು! ಒಂದು ಹಾಳೆ ಮಗುಚಲು ಯಾರಿಗೂ ಕೈ ಬರಲಿಲ್ಲ! ಆದರೂ ತಡೆಯೇ ಇಲ್ಲವೆಂದ ಮೇಲೆ ಕೆಲಸ ಸಿಕ್ಕಂತೆಯೇ ಎಂದು ಅವಳ ಕಾಲು ನೆಲದ ಮೇಲೆ ನಿಲ್ಲಲಿಲ್ಲ. ಅಣ್ಣನನ್ನು ಎಳೆದುಕೊಂಡು ನೇರ ಇಲಾಖೆಯ ಕಚೇರಿಗೆ ಬಂದಳು. ಗುಮಾಸ್ತ ಫೈಲಿನ ದಾರ ಬಿಚ್ಚಿ, ಬೆರಳಿಟ್ಟು ಓದಿ, ತಲೆ ಕೆರೆದುಕೊಂಡ.

"ಹೌದಲ್ಲ ಮೇಡಂ, ಒಂದೇ ಹುದ್ದೆ ಅಂತಿದೆ."

"ಹಾಗಾದ್ರೆ ನೇಮಕಾತಿ ಪತ್ರ ಕೊಡಿ."

"ಅದು ಆಗಲ್ವಲ್ಲ. ಆಯ್ಕೆಪಟ್ಟಿ ಊರ್ಜಿತದಲ್ಲಿರೋದು ಒಂದೇ ವರ್ಷ. ಎರಡು ತಿಂಗಳ ಹಿಂದೆ ಮುಗಿದುಹೋಯ್ತು."

ಅವಳು ಬೆರಳು ಮಡಚಿ ತಿಂಗಳು ಎಣಿಸಿದಳು. ಅಣ್ಣನೇ ಕೇಳಿದ, "ಈಗೇನ್ರೀ ದಾರಿ?"

"ಇವರೂ ಕೋರ್ಟಿಗೆ ಹೋಗ್ಲಿ. ಒಂದು ಮಧ್ಯಂತರ ಆದೇಶ ತರ್ಲಿ."

"ತಂದ್ರೆ ಕೆಲಸ ಕೊಡ್ತೀರಾ?"

"ಅದು ಹೇಗೆ ಸಾರ್? ಅದರ ಮೇಲೆ ನಾವು ಮೇಲ್ಮನವಿ ಹಾಕಲೇಬೇಕು. ಪದ್ಧತಿ."

ಅವನ ಮಾತಿನಲ್ಲಿ ಕೊಂಕಿರಲಿಲ್ಲ. ಕೂತ್ಕೊಳ್ಳಿ ಎಂದು ಕುರ್ಚಿ ಬೇರೆ ಸರಿಸಿದ. ಅದನ್ನು ಕಂಡೇ ಅವಳಿಗೆ ಸಿಟ್ಟು ತಲೆಗೇರಿತು. ಬೈದವನಾದರೆ ತಿರುಗಿ ಬೈಯಬಹುದಿತ್ತು.

"ಎರಡನೇ ಪುಟ ನೋಡ್ಲಿಲ್ಲ ಅಂತ ಒಂದು ಸಾಲು ಬರೆದು ಸಹಿ ಹಾಕಿ ಕೊಡಿ."

"ಹಾಗೆಲ್ಲ ಬರೆಯೋಕೆ ಮೇಲಿನವರ ಅನುಮತಿ ಬೇಕು ಮೇಡಂ."

"ಅನುಮತಿ ತಗೊಂಡು ಬನ್ನಿ. ಕೂತಿರ್ತೀನಿ."

"ಬಾರೇ ಮನೆಗೆ ಹೋಗೋಣ," ಎಂದು ಅಣ್ಣ ಭುಜ ಮುಟ್ಟಿದ.

"ಯಾವ ಮುಖ ಹೊತ್ಕೊಂಡು ಬರ್ಲಿ? ನೀನು ಹೋಗಣ್ಣ. ಪಟ್ಟಿಯಲ್ಲಿರೋ ಉಳಿದವರಿಗೆಲ್ಲ ಫೋನ್ ಮಾಡಿ, ಇವತ್ತೇ ಇಲ್ಲಿಗೆ ಬರೋಕೆ ಹೇಳು."

ಗುಮಾಸ್ತ ಕೋಣೆಯ ಸುತ್ತ ಕಣ್ಣಾಡಿಸಿದ. "ಅಷ್ಟು ಜನಕ್ಕೆ ಕುರ್ಚಿ ಇಲ್ವಲ್ಲ ಮೇಡಂ," ಎಂದ.

"ಬೇಡ," ಎಂದು ಅವಳು ಕುರ್ಚಿಯನ್ನು ಅವನ ಕಡೆಗೇ ತಳ್ಳಿ, ಬಾಗಿಲಿಗೆ ಅಡ್ಡವಾಗಿ ನೆಲದ ಮೇಲೆ ಕೂತಳು.