ಕಾವಲಿಯ ಪಾಲು

ಎದುರುಬದುರಾದ ಎರಡು ಶಕ್ತಿಗಳು ಸಮವಾಗಿದ್ದರೆ ಒಂದನ್ನೊಂದು ಹೊಡೆದುಹಾಕಿ ಇಲ್ಲವಾಗುತ್ತವೆ ಎಂದು ನಮ್ಮ ಮನೆಯ ಗಂಡಸರು ನಂಬಿದ್ದರು. ನಂಬುವುದು ಅವರಿಗೆ ಕಷ್ಟವೇನಾಗಿರಲಿಲ್ಲ. ನಡುವೆ ನಿಂತವರು ಅವರಲ್ಲವಲ್ಲ.

ನಡುವೆ ನಿಂತವಳು ನನ್ನ ಅಮ್ಮ, ಕಾಮಾಕ್ಷಿ. ಚಳಿಗಾಲ ಮುಗಿಯುವ ಹೊತ್ತಿಗೆ ಅವಳ ಧ್ವನಿ ಹೋಯಿತು. ಮೊದಲು ಒಡೆಯಿತು, ಆಮೇಲೆ ಪಿಸುಮಾತಾಯಿತು, ಕೊನೆಗೆ ತುಟಿಗಳಷ್ಟೇ ಅಲ್ಲಾಡತೊಡಗಿದವು. ನಮ್ಮ ಬಡಾವಣೆಯ ಡಾಕ್ಟರು, ಜಿಪಿ, ನೋಡಿದರು. ಆಸ್ಪತ್ರೆಯಲ್ಲಿ ಮೂಗಿನೊಳಗಿಂದ ಕ್ಯಾಮರಾ ಇಳಿಸಿ ನೋಡಿದರು. ಗಂಟಲಿಗೇನೂ ಆಗಿಲ್ಲ, ಒತ್ತಡವಿರಬಹುದು ಎಂದರು. ಒತ್ತಡ ಎಂದದ್ದು ಸರಿಯೇ. ಅದು ಎಲ್ಲಿಂದ ಬರುತ್ತಿದೆ ಎಂದು ಅವರಿಗೆ ವಿವರಿಸುವಂತಿರಲಿಲ್ಲ.

ಕುಂದಾಪುರದಲ್ಲಿದ್ದ ನನ್ನ ಅಜ್ಜ ಇಬ್ಬರು ಮಕ್ಕಳಿಗೂ ಒಂದೊಂದು ವಿದ್ಯೆ ಹಂಚಿದ್ದ. ಹಿರಿಯನಾದ ನನ್ನ ಅಪ್ಪ ಪುರಂದರನಿಗೆ ಕಟ್ಟು, ಅಂದರೆ ಇದ್ದದ್ದನ್ನು ಇದ್ದಲ್ಲೇ ಹಿಡಿದು ನಿಲ್ಲಿಸುವುದು. ಚಿಕ್ಕಪ್ಪ ಉದಯಶಂಕರನಿಗೆ ಬಿಡುಗೆ, ಹಿಡಿದದ್ದನ್ನು ಸಡಿಲಿಸುವುದು. ಎರಡೂ ದಾರದ ವಿದ್ಯೆಗಳು. ಕಪ್ಪು ದಾರ ಕಟ್ಟಿಗೆ, ಬಿಳಿ ದಾರ ಬಿಡುಗೆಗೆ. ಮಂತ್ರಿಸಿದ ದಾರವನ್ನು ಯಾವ ಕೈ ಕಟ್ಟಿತೋ ಅದೇ ಕೈ ಬಿಚ್ಚಬೇಕು, ಕತ್ತರಿಸಿದರೆ ಅದು ಮೈಯೊಳಗೆ ಸೇರುತ್ತದೆ ಎಂಬುದು ನಿಯಮ. ಎರಡೂ ಎದುರಾದರೆ ಫಲ ಶೂನ್ಯ ಎಂದೂ ಅಜ್ಜ ಹೇಳಿದ್ದನಂತೆ.

ಕಡಲು ದಾಟಿ ಬಂದ ಅಣ್ಣತಮ್ಮ ಸೇರಿ ಕಿಂಗ್ಸ್‌ಬರಿಯಲ್ಲಿ ಹೋಟೆಲು ನಡೆಸುತ್ತಿದ್ದರು. ಚಿಕ್ಕಪ್ಪನಿಗೆ ಅದನ್ನು ಮುಚ್ಚಿ ಬೇರೆ ಊರಿಗೆ ಹೋಗುವ ಮನಸ್ಸಾಯಿತು. ಅಪ್ಪ ಒಪ್ಪಲಿಲ್ಲ. ಅಲ್ಲಿಗೆ ಇಬ್ಬರ ಮಾತು ನಿಂತಿತು. ಮಾತು ನಿಂತಿತು ಎಂದರೆ ನಿಜವಾಗಿ ನಿಲ್ಲಲಿಲ್ಲ, ಅಮ್ಮನ ಮೂಲಕ ಹಾದುಹೋಗತೊಡಗಿತು. ಚಟ್ನಿ ನೀರಾಗಿದೆ ಎಂದು ಅವನಿಗೆ ಹೇಳು. ಕಣ್ಣಿದ್ದರೆ ತಾನೇ ನೋಡಿಕೊಳ್ಳಲಿ ಎಂದು ಅಣ್ಣನಿಗೆ ಹೇಳಿ. ರುಬ್ಬುವ ಕಲ್ಲಿನ ಪಕ್ಕ ನಿಂತು ಹಿಟ್ಟು ರುಬ್ಬುತ್ತಾ ಅವಳು ಮಾತಿನ ಖಾರ ಸ್ವಲ್ಪ ಕಡಿಮೆ ಮಾಡಿ ಎರಡೂ ಕಡೆಗೆ ದಾಟಿಸುತ್ತಿದ್ದಳು.

ಚಳಿಗಾಲದ ಮೊದಲಲ್ಲಿ ಒಂದು ದಿನ ಅಪ್ಪ ಹೋಟೆಲಿನ ಅಡುಗೆಮನೆಯ ಬಾಗಿಲಿಗೆ ಕಟ್ಟಲು ಗುಟ್ಟಾಗಿ ಅವಳ ಕೈಗೆ ಕಪ್ಪು ದಾರ ಕೊಟ್ಟ. ಅದೇ ವಾರ ಚಿಕ್ಕಪ್ಪ ಬಿಳಿ ದಾರ ಕೊಟ್ಟ. ಬಾಗಿಲಿಗೆ ಕಟ್ಟಿದರೆ ಒಂದು ಮೇಲೆ, ಒಂದು ಕೆಳಗೆ ಆಗುತ್ತದೆ, ಕೆಳಗಿನವನಿಗೆ ಬೇಸರ. ಕೌನ್ಸಿಲ್‌ನವರು ಇನ್‌ಸ್ಪೆಕ್ಷನ್‌ಗೆ ಬಂದರೆ ಇದೇನು ಕೊಳೆ ದಾರ ಎಂದು ಕೇಳುತ್ತಾರೆ. ಇಷ್ಟನ್ನೆಲ್ಲ ಯೋಚಿಸಿ ಅವಳು ಎರಡನ್ನೂ ಒಂದೇ ಗಂಟಿನಲ್ಲಿ ತನ್ನ ಎಡಗೈಗೆ ಕಟ್ಟಿಕೊಂಡಳು. ಅದನ್ನು ಕಂಡ ಇಬ್ಬರಿಗೂ ತನ್ನ ದಾರ ಕೆಲಸ ಮಾಡುತ್ತಿಲ್ಲ, ಆದರೆ ಇನ್ನೊಬ್ಬನದೂ ಮಾಡುತ್ತಿಲ್ಲ ಎಂಬ ಸಮಾಧಾನ.

ನನಗೆ ವಿಷಯ ಹೊಳೆದದ್ದು ದೋಸೆಯ ಕಾವಲಿ ಒಡೆದ ದಿನ. ಶನಿವಾರದ ಗದ್ದಲ. ಚಿಕ್ಕಪ್ಪ ಉರಿ ಏರಿಸಿದ್ದ, ಅಪ್ಪ ಕಾವು ಹೆಚ್ಚಾಯಿತೆಂದು ತಣ್ಣೀರು ಸುರಿದ. ಟಣ್ ಎಂದು ಸದ್ದಾಗಿ ಎರಕದ ಕಾವಲಿ ಅಂಚಿನಿಂದ ನಡುವಿನವರೆಗೆ ಸೀಳಿತು. ಕೆಳಗೆ ಉರಿ ಉರಿಯುತ್ತಲೇ ಇತ್ತು. ಮೇಲೆ ನೀರು ಹಬೆಯಾಗಿ ಹಾಯಾಗಿ ಹೋಯಿತು. ನಾನು ಭೌತಶಾಸ್ತ್ರ ಓದಿದವಳು, ಅದಿಲ್ಲದೆಯೂ ಅದು ಅರ್ಥವಾಗುತ್ತಿತ್ತು. ಶೂನ್ಯವೆಂಬುದು ಎಲ್ಲೂ ಇಲ್ಲ. ಎರಡು ಶಕ್ತಿಗಳೂ ನಡುವಿನದ್ದರ ಮೇಲೆ ಕೈಯೂರಿ ನಿಲ್ಲುತ್ತವೆ. ಒಡೆಯುವುದು ಕಾವಲಿಯ ಪಾಲು.

ಸೋಮವಾರ ಹೋಟೆಲಿಗೆ ರಜೆ. ಮಧ್ಯಾಹ್ನ ಇಬ್ಬರನ್ನೂ ಅಲ್ಲಿನ ಒಂದು ಮೇಜಿಗೆ ಕರೆದು ಕೂರಿಸಿದೆ. ಅಮ್ಮ ನಡುವಿನ ಕುರ್ಚಿಯಲ್ಲಿ ಕೂತಳು. ಯಾರೂ ಹೇಳಿರಲಿಲ್ಲ, ತಾನಾಗಿ ಕೂತಳು. ಅಮ್ಮನ ಧ್ವನಿ ಒಡೆದದ್ದು ಆ ಎರಡು ದಾರಗಳ ನಡುವೆ ಸಿಕ್ಕಿ ಎಂದು ನಾನು ಎಲ್ಲವನ್ನೂ ಹೇಳಿದೆ. ಅಪ್ಪ ನಕ್ಕ.

"ಯೂನಿವರ್ಸಿಟಿಯಗೆ ಇದನ್ನೂ ಕಲಿಸ್ತ್ರಾ?"

ಎರಡೂ ದಾರ ಹೋಗಬೇಕು, ಇವತ್ತೇ, ಎಂದೆ. ಚಿಕ್ಕಪ್ಪ ಅಣ್ಣನತ್ತ ತಿರುಗಲೂ ಇಲ್ಲ.

"ಅತ್ಗೆ, ಅಣ್ಣನಿಗೆ ಹೇಳಿ. ಮೊದ್ಲ್ ಅವ ಬಿಚ್ಚಲಿ. ಮತ್ತ್ ಕಾಂಬ."

ಅಮ್ಮ ಅಪ್ಪನ ಕಡೆ ಮುಖ ಮಾಡಿದಳು. ತುಟಿಗಳು ಅಲ್ಲಾಡಿದವು. ಧ್ವನಿಯೇ ಇಲ್ಲದವಳು, ಒಂದೇ ಮೇಜಿನಲ್ಲಿ ಕೂತವನ ಮಾತನ್ನು ಒಂದೇ ಮೇಜಿನಲ್ಲಿ ಕೂತವನಿಗೆ ದಾಟಿಸುತ್ತಿದ್ದಳು. ಅಪ್ಪ ಆ ತುಟಿಗಳನ್ನು ನೋಡಿ, ಅರ್ಥವಾದವನಂತೆ ತಲೆಯಾಡಿಸಿದ.

ನಾನು ಕತ್ತರಿ ತಂದೆ. ಅಪ್ಪ ನನ್ನ ಕೈ ಹಿಡಿದ. ಕಟ್ಟಿದ ಕೈಯೇ ಬಿಚ್ಚಬೇಕು, ಹುಚ್ಚು ಮಾಡಬೇಡ ಎಂದ. ಆಗ ನನಗೆ ಕಂಡಿತು.

"ಅಪ್ಪಯ್ಯ, ಕಟ್ಟಿದ್ ಯಾರ್?"

ದಾರ ಕೊಟ್ಟದ್ದು ಇವರು, ಕಟ್ಟಿದ ಕೈ ಅಮ್ಮನದು. ಅಮ್ಮ ಮೇಜಿನ ಮರವನ್ನು ನೋಡುತ್ತಿದ್ದಳು. ನಿನಗೆ ಮೊದಲೇ ಗೊತ್ತಿತ್ತೇ ಎಂದು ಕೇಳಿದೆ. ಗೊತ್ತಿತ್ತು ಎಂದು ತಲೆಯಾಡಿಸಿದಳು. ಆ ಗಳಿಗೆಯಲ್ಲಿ ಆ ಇಬ್ಬರಿಗಿಂತ ಹೆಚ್ಚು ಸಿಟ್ಟು ನನಗೆ ಅವಳ ಮೇಲೆ ಬಂತು. ಕತ್ತರಿಯನ್ನು ಮೇಜಿನ ಮೇಲೆ ಎಸೆದೆ.

"ಕಾಮಾಕ್ಷಿ, ಬಿಚ್ಚ್‌ಬೇಡ," ಎಂದ ಅಪ್ಪ. "ಅದ್ ಬಿಚ್ಚಿರೆ ನಾವಿಬ್ರ್ ಒಟ್ಟಿಗ್ ಇಪ್ಪುದಿಲ್ಲ."

"ಅಣ್ಣ ಹೇಳೂದ್ ಸಮ, ಅತ್ಗೆ," ಎಂದ ಚಿಕ್ಕಪ್ಪ. "ಇನ್ನ್ ಸ್ವಲ್ಪ ದಿನ ತಡ್ಕಣಿ."

ಎಷ್ಟೋ ಕಾಲದ ನಂತರ ಅವರಿಬ್ಬರೂ ಒಂದು ವಿಷಯದಲ್ಲಿ ಒಪ್ಪಿದ್ದರು. ನನ್ನ ಸಿದ್ಧಾಂತಕ್ಕೆ ಇದಕ್ಕಿಂತ ದೊಡ್ಡ ಸಾಕ್ಷಿ ಬೇಕಿರಲಿಲ್ಲ. ಅಮ್ಮನಿಗೂ ಬೇಕಿರಲಿಲ್ಲವೆಂದು ಕಾಣುತ್ತದೆ. ಅವಳು ಒಬ್ಬರಾದ ಮೇಲೆ ಒಬ್ಬರನ್ನು ನಿಧಾನವಾಗಿ ನೋಡಿದಳು. ಆಮೇಲೆ ಕುರ್ಚಿಯನ್ನು ಹಿಂದಕ್ಕೆ ತಳ್ಳಿ ಎದ್ದು, ಎಡಗೈಯನ್ನು ಬಾಯಿಗೆ ತಂದು ಹಲ್ಲಿನಿಂದ ಗಂಟನ್ನು ಹಿಡಿದಳು. ಬಲಗೈ ಬೆರಳುಗಳು ಸೇರಿದವು. ಹಿಟ್ಟು, ಎಣ್ಣೆ ಹತ್ತಿ ಗಟ್ಟಿಯಾಗಿದ್ದ ಗಂಟು ತಡಮಾಡಿತು. ಕೊನೆಗೆ ಎರಡೂ ದಾರಗಳು ಒಟ್ಟಿಗೇ ಸಡಿಲಗೊಂಡು ಮೇಜಿನ ಮೇಲೆ, ಅವರಿಬ್ಬರ ನಡುವೆ ಬಿದ್ದವು. ಕಪ್ಪು ಬಿಳಿಯ ಮೇಲೆ ಒಮ್ಮೆ ಹೊರಳಿತು. ಮುಂಬಾಗಿಲ ಗಾಜು ಅದಿರಿತು.

ಅಮ್ಮ ಕೆಮ್ಮಿದಳು. ಧ್ವನಿ ಬಂತು, ತುಕ್ಕು ಹಿಡಿದ ಚಿಲಕ ತೆಗೆದ ಹಾಗೆ.

"ಇನ್ ನೀವ್ ನೀವೇ ಮಾತಾಡ್ಕಣಿ."

ಅವಳು ಕೋಟು ಹಾಕಿಕೊಂಡಳು. ನಾವು ಕೊಲಿಂಡೇಲ್‌ನ ನನ್ನ ಫ್ಲಾಟಿಗೆ ಹೋಗುವ ಬಸ್ಸಿನ ಕಡೆ ನಡೆಯತೊಡಗಿದಾಗ ಹಿಂದೆ ಹೋಟೆಲಿನೊಳಗೆ ಕುರ್ಚಿ ಉರುಳಿದ ಸದ್ದಾಯಿತು. ಆಮೇಲೆ ಇಬ್ಬರ ಧ್ವನಿ, ಒಂದರ ಮೇಲೊಂದು, ನಡುವೆ ಯಾವ ತಡೆಯೂ ಇಲ್ಲದೆ. ಅಮ್ಮ ತಿರುಗಿ ನೋಡಲಿಲ್ಲ. ನೋಡಿದ್ದು ನಾನು. ನನ್ನ ತೋಳು ಹಿಡಿದು ಅವಳು ಮುಂದಕ್ಕೆ ಎಳೆದಳು.

"ಹೋಪ," ಎಂದಳು.