ಸಹಿ ಮಾಡಿಟ್ಟ ಖಾಲಿ ಹಾಳೆ

ನನ್ನ ಅಕ್ಷರ ದುಂಡಗಿದೆ ಎಂಬುದೇ ನನ್ನ ಹೆದರಿಕೆಯಾಗಿತ್ತು. ಯಾರಿಗೂ ಹೇಳಿರಲಿಲ್ಲ. ಡೈರಿಯಲ್ಲಿ ಕೂಡ ಎರಡು ವಾರದಿಂದ ಬೇಕೆಂದೇ ಸೊಟ್ಟಗೆ ಬರೆಯುತ್ತಿದ್ದೆ.

ಅಮ್ಮ ಸರ್ಕಾರಿ ಶಿಶುಪಾಲನಾ ಕೇಂದ್ರದಲ್ಲಿ ಇಪ್ಪತ್ತೆರಡು ವರ್ಷದಿಂದ ಕಾರ್ಯಕರ್ತೆ. ಮಕ್ಕಳು ಮಲಗುವ ಕೋಣೆಯಲ್ಲೇ ಮೇಲ್ವಿಚಾರಕಿ ಗ್ಯಾಸ್ ಒಲೆ ಇಡಿಸಿದ್ದಾರೆಂದು ಮೇಲಿನ ಕಚೇರಿಗೆ ದೂರು ಕೊಟ್ಟಳು. ತಿಂಗಳು ತುಂಬುವ ಮೊದಲೇ ವರ್ಗಾವಣೆಯ ಆದೇಶ ಬಂತು, ‘ಸ್ವಂತ ಕೋರಿಕೆಯ ಮೇರೆಗೆ’ ಎಂದು. ಎರಡು ಬಸ್ಸು ಬದಲಿಸಿ, ಆಮೇಲೂ ಅರ್ಧ ಗಂಟೆ ನಡೆಯಬೇಕಾದ ಜಾಗ. ಅವಳ ಮಂಡಿ ನಮ್ಮ ಮನೆಯ ಮೂರು ಮೆಟ್ಟಿಲಿಗೇ ಮುಷ್ಕರ ಹೂಡುತ್ತದೆ. ತಾನು ಯಾವಾಗ ಕೋರಿಕೊಂಡೆನೆಂದು ಕೇಳಿಕೊಂಡು ಕೋರ್ಟಿಗೆ ಹೋದಳು.

ಸಹಿ ಮಾಡಿದ ಖಾಲಿ ಹಾಳೆಗಳನ್ನು ಮೇಲ್ವಿಚಾರಕಿಯ ಬಳಿ ಕೊಟ್ಟಿಡುವುದು ಕಾರ್ಯಕರ್ತೆಯರ ವಾಡಿಕೆ. ತಿಂಗಳ ವರದಿಗೆಂದು ಮಕ್ಕಳನ್ನು ಬಿಟ್ಟು ಕಚೇರಿಗೆ ಅಲೆಯುವುದು ತಪ್ಪುತ್ತದಲ್ಲ. ಆ ಹಾಳೆಗಳನ್ನು ತುಂಬಿಸಲು, ಡಿಗ್ರಿ ಮುಗಿಸಿ ಮನೆಯಲ್ಲಿ ಕೂತಿದ್ದ ನನ್ನನ್ನು ಮೇಲ್ವಿಚಾರಕಿ ಕರೆಯುತ್ತಿದ್ದರು. ಅಮ್ಮ ದೂರು ಕೊಟ್ಟ ಮೇಲೆ ಒಂದು ಮಧ್ಯಾಹ್ನ ಅವಳ ಸಹಿಯಿದ್ದ ಹಾಳೆ ಮುಂದಿಟ್ಟು ಐದು ಸಾಲು ಹೇಳಿ ಬರೆಸಿದರು. ‘ನನ್ನನ್ನು ವರ್ಗಾಯಿಸಬೇಕೆಂದು ಕೋರುತ್ತೇನೆ’ ಎಂಬಲ್ಲಿ ನನ್ನ ಪೆನ್ನು ನಿಂತಿತು.

"ಯಾಕಮ್ಮ ನಿಂತ್ಬಿಟ್ಟೆ? ಅವರು ಹೋದ ಜಾಗಕ್ಕೆ ನಿನ್ನನ್ನೇ ತಗೋತೀವಿ. ಕೆಲಸ ಮನೇಲೇ ಉಳಿಯುತ್ತಲ್ಲ."

ಬೇಡ ಎನ್ನಲು ಬಾಯಿ ಬರಲಿಲ್ಲ ಎಂದು ಆ ದಿನ ಡೈರಿಯಲ್ಲಿ ಬರೆದುಕೊಂಡೆ. ಡೈರಿಗೂ ಸುಳ್ಳು ಹೇಳಿದ್ದೆ. ಬೇಡ ಎಂದು ನನಗೆ ಅನಿಸಿಯೇ ಇರಲಿಲ್ಲ.

ವಿಚಾರಣೆಯ ದಿನ ಕೇಂದ್ರದ ಅಡುಗೆಯ ಅಕ್ಕ ರಜೆ ಹಾಕಿ ನಮ್ಮ ಜೊತೆ ಬಂದಳು. ವಕೀಲರ ಕೋಟುಗಳನ್ನು ನೋಡಿ, ಒಗೆಯದ ಬಟ್ಟೆ ಎಂದು ಕಾಣದಿರಲಿ ಅಂತಲೇ ಕಪ್ಪು ಆರಿಸಿದ್ದಾರೆ ಎಂದಳು. ಅಮ್ಮ ನಕ್ಕಳು. ಆಮೇಲೆ ಮಾತು ಕೋರಿಕೆಯ ಕಾಗದಕ್ಕೆ ಬಂತು. ಅಕ್ಕ ಸಿಡುಕಿದಳು.

"ಅದಕ್ಕೇನು ಕೈಕಾಲು ಬಂದು ತಾನೇ ಬರ್ಕೊಂಡುಬಿಡ್ತಾ? ಬರೆದೋರ ಕೈ ಸೇದಿಹೋಗ."

"ಸುಮ್ನಿರೇ. ಯಾರು ಹೆತ್ತ ಮಗುವೋ ಏನೋ," ಎಂದಳು ಅಮ್ಮ.

ನಾನು ಬಲಗೈಯನ್ನು ಚೀಲದೊಳಗೆ ಇಳಿಬಿಟ್ಟುಕೊಂಡೆ.

ಒಳಗೆ, ಇಲಾಖೆಯ ವಕೀಲರು ಕಾಗದ ಹಾಜರುಪಡಿಸಿದರು. ಸಹಿ ತನ್ನದೇ ಎಂದು ಅಮ್ಮ ಒಪ್ಪಿಕೊಂಡಳು. ಖಾಲಿ ಹಾಳೆಗಳ ವಾಡಿಕೆಯನ್ನೂ ಹೇಳಿದಳು. ಅಂಥ ವಾಡಿಕೆಯೇ ಇಲ್ಲ ಎಂದು ಮೇಲ್ವಿಚಾರಕಿ ತಣ್ಣಗೆ ಹೇಳಿ ಕೂತರು. ನ್ಯಾಯಾಧೀಶರು ಕಾಗದವನ್ನು ಅಮ್ಮನ ಕೈಗೆ ಕೊಡಿಸಿದರು.

"ಬರಹ ಯಾರದು, ಗುರುತು ಸಿಗುತ್ತೇನಮ್ಮ?"

ಅಮ್ಮ ಕನ್ನಡಕ ಏರಿಸಿಕೊಂಡಳು. ಸ್ಲೇಟಿನ ಮೇಲೆ ನನ್ನ ಕೈ ಹಿಡಿದು ತಿದ್ದಿಸಿದವಳು ಅವಳೇ. ‘ಳ’ದ ಕೊನೆಯನ್ನು ಬಾಲದಂತೆ ಎಳೆಯುತ್ತೀಯ ಎಂದು ಇವತ್ತಿಗೂ ರೇಗಿಸುತ್ತಾಳೆ. ಮೊದಲ ಸಾಲಿನಲ್ಲೇ ‘ಮಕ್ಕಳ ಕೇಂದ್ರ’ ಎಂದಿತ್ತು. ಅವಳ ಹೆಬ್ಬೆರಳು ಅಲ್ಲಿಗೆ ಬಂದು ನಿಂತಿತು. ಅವಳು ನನ್ನತ್ತ ತಿರುಗಲಿಲ್ಲ. ತಿರುಗದೇ ಇದ್ದದ್ದರಿಂದಲೇ ಅವಳಿಗೆ ತಿಳಿಯಿತೆಂದು ನನಗೆ ತಿಳಿಯಿತು.

"ಗೊತ್ತಿಲ್ಲ ಸಾರ್."

ಇಪ್ಪತ್ತೆರಡು ವರ್ಷದಲ್ಲಿ ಹಾಜರಿ ಪುಸ್ತಕದಲ್ಲಿ ಕೂಡ ಒಂದು ಸುಳ್ಳು ಬರೆಯದವಳು.

ಹಾಗಾದರೆ ಕಾಗದವನ್ನು ನಂಬದೆ ಬೇರೆ ದಾರಿಯಿಲ್ಲ, ಹೊಸ ಕೇಂದ್ರಕ್ಕೆ ಹೋಗಲೇಬೇಕಾಗುತ್ತದೆ ಎನ್ನುತ್ತ ನ್ಯಾಯಾಧೀಶರು ಪೆನ್ನಿನ ಮುಚ್ಚಳ ತೆಗೆದರು. ಮೇಲ್ವಿಚಾರಕಿ ನನ್ನ ಕಡೆ ನೋಡಿ, ಜಾಣೆ ಎಂಬಂತೆ ತಲೆಯಾಡಿಸಿದರು.

ನಾನು ಎದ್ದು ನಿಂತದ್ದು ಯಾರಿಗೂ ಕಾಣಲಿಲ್ಲ. ಮೊದಲ ಸಲ ಅಂದದ್ದು ನನಗೇ ಕೇಳಿಸಲಿಲ್ಲ. ಎರಡನೆಯ ಸಲ ಬೆಂಚು ಹಿಡಿದುಕೊಂಡು ಹೇಳಿದೆ.

"ಸಾರ್, ಅದು ನಾನು ಬರೆದಿದ್ದು. ಅಮ್ಮನ ಕೆಲಸ ನನಗೆ ಬೇಕಿತ್ತು."